ಎರಡು ನಕ್ಷತ್ರಗಳ ನೌಕಾಧಿಕಾರಿ: ರಿಯರ್ ಅಡ್ಮಿರಲ್ ಹುದ್ದೆ, ಅದರ ಚಿಹ್ನೆ ಮತ್ತು ಕಾರವಾರದ ಕುರಿತು ಪದೇ ಪದೇ ಕೇಳುವ ಪ್ರಶ್ನೆಗಳು

ಅರ್ಗಾದಲ್ಲಿ ನೌಕಾನೆಲೆ ಬಂದ ಮೇಲೆ ಬಿಳಿ ಸಮವಸ್ತ್ರವು ಕಾರವಾರದ ಪೇಟೆ, ಬ್ಯಾಂಕು, ಶಾಲೆಯ ವಾರ್ಷಿಕೋತ್ಸವಗಳಲ್ಲಿ ದಿನನಿತ್ಯದ ನೋಟವಾಗಿದೆ. ಆದರೂ ಭುಜದ ಮೇಲಿನ ಪಟ್ಟಿಯನ್ನು ನೋಡಿ ಎದುರಿಗಿರುವವರ ಹುದ್ದೆ ಯಾವುದೆಂದು ಹೇಳಬಲ್ಲವರು ಕಡಿಮೆ. ವೇದಿಕೆಯ ಮೇಲೆ ರಿಯರ್ ಅಡ್ಮಿರಲ್ ಒಬ್ಬರನ್ನು ‘ಕ್ಯಾಪ್ಟನ್ ಸಾಹೇಬರು’ ಎಂದು ಸ್ವಾಗತಿಸುವುದು, ಕೊಮೊಡೋರ್ ಹೆಸರಿನ ಹಿಂದೆ ಅಡ್ಮಿರಲ್ ಎಂದು ಆಮಂತ್ರಣ ಪತ್ರಿಕೆಯಲ್ಲಿ ಅಚ್ಚು ಹಾಕಿಸುವುದು ಈಗಲೂ ನಡೆಯುತ್ತದೆ. ಮೂರು ದಶಕಗಳ ಸೇವೆಯ ನಂತರ ದೊರೆಯುವ ಹುದ್ದೆಯನ್ನು ಸರಿಯಾಗಿ ಹೆಸರಿಸುವುದು ನೆರೆಯವರಾದ ನಾವು ತೋರಿಸಬೇಕಾದ ಕನಿಷ್ಠ ಸೌಜನ್ಯ. ಶಾಲಾ ಮಕ್ಕಳು, ಶಿಕ್ಷಕರು, ಮೀನುಗಾರರು, ಮಗನನ್ನೋ ಮಗಳನ್ನೋ ನೌಕಾಪಡೆಗೆ ಕಳುಹಿಸಬೇಕೆಂದಿರುವ ಶಿರಸಿ, ಕುಮಟಾ ಕಡೆಯ ಪಾಲಕರು ಮತ್ತೆ ಮತ್ತೆ ಕೇಳುವ ಪ್ರಶ್ನೆಗಳಿಗೆ ಇಲ್ಲಿ ಉತ್ತರಗಳಿವೆ.

ನೌಕಾಪಡೆಯ ಹುದ್ದೆಗಳಲ್ಲಿ ರಿಯರ್ ಅಡ್ಮಿರಲ್ ಎಲ್ಲಿ ಬರುತ್ತಾರೆ?

ಅಧಿಕಾರಿಗಳ ಸಾಲು ಕೆಳಗಿನಿಂದ ಹೀಗೆ ಸಾಗುತ್ತದೆ: ಸಬ್ ಲೆಫ್ಟಿನೆಂಟ್, ಲೆಫ್ಟಿನೆಂಟ್, ಲೆಫ್ಟಿನೆಂಟ್ ಕಮಾಂಡರ್, ಕಮಾಂಡರ್, ಕ್ಯಾಪ್ಟನ್, ಕೊಮೊಡೋರ್, ರಿಯರ್ ಅಡ್ಮಿರಲ್, ವೈಸ್ ಅಡ್ಮಿರಲ್, ಅಡ್ಮಿರಲ್. ಅಂದರೆ ಕೆಳಗಿನಿಂದ ಏಳನೆಯದು, ಮೇಲಿನಿಂದ ಮೂರನೆಯದು. ಅಡ್ಮಿರಲ್ ಎಂಬ ಹೆಸರು ಮೊದಲು ಸೇರುವುದು ಈ ಹುದ್ದೆಗೇ. ಭೂಸೇನೆಯ ಮೇಜರ್ ಜನರಲ್, ವಾಯುಪಡೆಯ ಏರ್ ವೈಸ್ ಮಾರ್ಷಲ್ ಇದಕ್ಕೆ ಸಮಾನ. ಎಲ್ಲಕ್ಕಿಂತ ಮೇಲೆ ‘ಅಡ್ಮಿರಲ್ ಆಫ್ ದಿ ಫ್ಲೀಟ್’ ಎಂಬ ಐದು ನಕ್ಷತ್ರಗಳ ಪದವಿಯೂ ಇದೆ. ಆದರೆ ಭಾರತದಲ್ಲಿ ಇದುವರೆಗೆ ಯಾರಿಗೂ ಅದನ್ನು ನೀಡಿಲ್ಲ.

ಇಂದು ನೌಕಾಪಡೆಯ ಮುಖ್ಯಸ್ಥರು ನಾಲ್ಕು ನಕ್ಷತ್ರಗಳ ಅಡ್ಮಿರಲ್. ಮೊದಲಿನಿಂದ ಹೀಗಿರಲಿಲ್ಲ. 1958ರ ಏಪ್ರಿಲ್‌ನಲ್ಲಿ ರಾಮದಾಸ್ ಕಟಾರಿ ಅವರು ಈ ಸ್ಥಾನಕ್ಕೇರಿದ ಮೊದಲ ಭಾರತೀಯರಾದಾಗ ಅವರ ಹುದ್ದೆ ವೈಸ್ ಅಡ್ಮಿರಲ್ ಆಗಿತ್ತು. ಮುಖ್ಯಸ್ಥರ ಹುದ್ದೆ ಪೂರ್ಣ ಅಡ್ಮಿರಲ್ ದರ್ಜೆಗೆ ಏರಿದ್ದು 1968ರಲ್ಲಿ, ಎ. ಕೆ. ಚಟರ್ಜಿ ಅವರ ಕಾಲದಲ್ಲಿ. ಸ್ವಾತಂತ್ರ್ಯ ಬಂದು ಹತ್ತು ವರ್ಷ ಕಳೆದರೂ ನಮ್ಮ ನೌಕಾಪಡೆಯನ್ನು ಬ್ರಿಟಿಷ್ ಅಧಿಕಾರಿಗಳೇ ಮುನ್ನಡೆಸುತ್ತಿದ್ದರು ಎಂಬುದು ಅನೇಕರಿಗೆ ಗೊತ್ತಿಲ್ಲ. ಶಾಲೆಯಲ್ಲಿ ಇದನ್ನು ಹೇಳಿಕೊಡಬೇಕು.

ಕಾರವಾರದಲ್ಲಿರುವ ರಿಯರ್ ಅಡ್ಮಿರಲ್ ಅವರ ಕೆಲಸವೇನು?

ಅವರ ಸ್ಥಾನದ ಹೆಸರು ‘ಫ್ಲ್ಯಾಗ್ ಆಫೀಸರ್ ಕಮಾಂಡಿಂಗ್, ಕರ್ನಾಟಕ ನೌಕಾ ಪ್ರದೇಶ’. ಪತ್ರಿಕೆಗಳಲ್ಲಿ ‘ಕರ್ನಾಟಕ ನೌಕಾ ವಲಯದ ಧ್ವಜಾಧಿಕಾರಿ’ ಎಂದೂ ಬರೆಯುತ್ತಾರೆ. ಮುಖ್ಯ ಕಚೇರಿ ಕಾರವಾರದಲ್ಲಿದೆ. ರಾಜ್ಯದ ಕರಾವಳಿಗೆ ಸಂಬಂಧಿಸಿದ ನೌಕಾಪಡೆಯ ಹೊಣೆ, ಇಲ್ಲಿನ ನೆಲೆ ಮತ್ತು ಅದಕ್ಕೆ ಸೇರಿದ ಘಟಕಗಳ ಮೇಲ್ವಿಚಾರಣೆ, ಕರಾವಳಿ ಭದ್ರತೆಯಲ್ಲಿ ಕರಾವಳಿ ಕಾವಲು ಪಡೆ ಹಾಗೂ ಪೊಲೀಸರೊಂದಿಗಿನ ಸಮನ್ವಯ ಅವರಿಗೆ ಸೇರುತ್ತದೆ. ಅವರು ಮುಂಬೈಯಲ್ಲಿರುವ ಪಶ್ಚಿಮ ನೌಕಾ ಕಮಾಂಡಿನ ಅಧೀನದಲ್ಲಿದ್ದಾರೆ. ಆ ಕಮಾಂಡಿನ ಮುಖ್ಯಸ್ಥರು ವೈಸ್ ಅಡ್ಮಿರಲ್.

ಹಾಗಾದರೆ ಐಎನ್‌ಎಸ್ ಕದಂಬದ ಮುಖ್ಯಸ್ಥರೂ ಅವರೇ ಅಲ್ಲವೇ?

ಇಲ್ಲಿ ಹೆಚ್ಚಿನವರು ಎಡವುತ್ತಾರೆ. ಕದಂಬ ಎಂಬುದು ನೆಲೆಯ ಹೆಸರು. ಅದಕ್ಕೆ ಪ್ರತ್ಯೇಕ ಕಮಾಂಡಿಂಗ್ ಆಫೀಸರ್ ಇರುತ್ತಾರೆ, ಅವರ ಹುದ್ದೆ ರಿಯರ್ ಅಡ್ಮಿರಲ್‌ಗಿಂತ ಕೆಳಗಿನದು. ಧ್ವಜಾಧಿಕಾರಿಯ ವ್ಯಾಪ್ತಿಗೆ ಕದಂಬದ ಜೊತೆಗೆ ನೌಕಾಪಡೆಯ ಆಸ್ಪತ್ರೆ ಐಎನ್‌ಎಸ್ ಪತಂಜಲಿ, ಕ್ಷಿಪಣಿ ಮತ್ತು ಮದ್ದುಗುಂಡುಗಳ ಕೇಂದ್ರ ಐಎನ್‌ಎಸ್ ವಜ್ರಕೋಶ ಇಂಥ ಇತರ ಘಟಕಗಳೂ ಬರುತ್ತವೆ. ವಜ್ರಕೋಶ 2015ರ ಸೆಪ್ಟೆಂಬರ್‌ನಲ್ಲಿ ಸೇವೆಗೆ ಸೇರಿತು.

ಈ ನೆಲೆಯನ್ನು ಕಟ್ಟುವ ಸೀಬರ್ಡ್ ಯೋಜನೆಗೆ 1986ರ ಅಕ್ಟೋಬರ್ 24ರಂದು ಅಂದಿನ ಪ್ರಧಾನಿ ರಾಜೀವ್ ಗಾಂಧಿ ಅಡಿಗಲ್ಲು ಹಾಕಿದರು. ನೆಲೆ ‘ಕದಂಬ’ ಎಂಬ ಹೆಸರಿನಲ್ಲಿ ಕಾರ್ಯಾರಂಭ ಮಾಡಿದ್ದು 2005ರ ಮೇ 31ರಂದು. ಹೆಸರು ಬಂದದ್ದು ಶಿರಸಿ ತಾಲ್ಲೂಕಿನ ಬನವಾಸಿಯಿಂದ ಆಳಿದ ಕದಂಬ ಅರಸರಿಂದ. ಘಟ್ಟದ ಮೇಲಿನ ವರದಾ ತೀರದ ರಾಜವಂಶದ ಹೆಸರು ಘಟ್ಟದ ಕೆಳಗಿನ ನೌಕಾನೆಲೆಗೆ ಬಂದಿರುವುದು ಈ ಜಿಲ್ಲೆಯವರಿಗೆಲ್ಲ ಹೆಮ್ಮೆಯ ಮಾತು.

ಸಮವಸ್ತ್ರದಲ್ಲಿ ರಿಯರ್ ಅಡ್ಮಿರಲ್ ಅವರನ್ನು ಗುರುತಿಸುವುದು ಹೇಗೆ?

ಮೊದಲು ಭುಜ ನೋಡಿ. ಕ್ಯಾಪ್ಟನ್‌ವರೆಗಿನ ಅಧಿಕಾರಿಗಳ ಭುಜಪಟ್ಟಿ ಕಪ್ಪು ಹಿನ್ನೆಲೆಯದು, ಅದರ ಮೇಲೆ ಚಿನ್ನದ ಬಣ್ಣದ ಪಟ್ಟೆಗಳಿರುತ್ತವೆ. ಸಬ್ ಲೆಫ್ಟಿನೆಂಟ್‌ಗೆ ಒಂದು, ಲೆಫ್ಟಿನೆಂಟ್‌ಗೆ ಎರಡು, ಲೆಫ್ಟಿನೆಂಟ್ ಕಮಾಂಡರ್‌ಗೆ ಎರಡು ಪಟ್ಟೆಗಳ ನಡುವೆ ಒಂದು ಸಪೂರ ಪಟ್ಟೆ, ಕಮಾಂಡರ್‌ಗೆ ಮೂರು, ಕ್ಯಾಪ್ಟನ್‌ಗೆ ನಾಲ್ಕು. ಕೊಮೊಡೋರ್‌ಗೆ ಈ ನಾಲ್ಕರ ಬದಲು ಒಂದೇ ಅಗಲವಾದ ಪಟ್ಟೆ. ಒಂದೇ ಪಟ್ಟೆ ಇದೆ ಎಂದು ಅವರನ್ನು ಕಿರಿಯರೆಂದು ಭಾವಿಸಬಾರದು. ಪಟ್ಟೆಯ ಅಗಲವನ್ನು ಗಮನಿಸಬೇಕು.

ರಿಯರ್ ಅಡ್ಮಿರಲ್ ಹುದ್ದೆಗೆ ಬಂದ ಕೂಡಲೇ ನೋಟ ಸಂಪೂರ್ಣ ಬದಲಾಗುತ್ತದೆ. ಭುಜಪಟ್ಟಿಯೇ ಚಿನ್ನದ ಬಣ್ಣಕ್ಕೆ ತಿರುಗುತ್ತದೆ, ಪಟ್ಟೆಗಳ ಜಾಗದಲ್ಲಿ ಲಾಂಛನ ಮತ್ತು ನಕ್ಷತ್ರಗಳು ಬರುತ್ತವೆ. ರಿಯರ್ ಅಡ್ಮಿರಲ್‌ಗೆ ಎರಡು ನಕ್ಷತ್ರ, ವೈಸ್ ಅಡ್ಮಿರಲ್‌ಗೆ ಮೂರು, ಅಡ್ಮಿರಲ್‌ಗೆ ನಾಲ್ಕು. ಕಾಲರಿನ ಮೇಲೆ ಕಡುನೀಲಿ ಪಟ್ಟಿಯಲ್ಲೂ ಎರಡು ಚಿನ್ನದ ನಕ್ಷತ್ರಗಳಿರುತ್ತವೆ.

ಚಳಿಗಾಲದ ಕಪ್ಪು ಕೋಟಿನಲ್ಲಿ ಗುರುತು ಇರುವುದು ತೋಳಿನ ತುದಿಯಲ್ಲಿ: ಒಂದು ಅಗಲವಾದ ಚಿನ್ನದ ಪಟ್ಟೆ, ಅದರ ಮೇಲೆ ಒಂದು ಸಾಮಾನ್ಯ ಪಟ್ಟೆ. ವೈಸ್ ಅಡ್ಮಿರಲ್‌ಗೆ ಆ ಸಾಮಾನ್ಯ ಪಟ್ಟೆಗಳು ಎರಡು, ಅಡ್ಮಿರಲ್‌ಗೆ ಮೂರು. ಕಾರವಾರದ ಸೆಕೆಯಲ್ಲಿ ಆ ಕೋಟು ಕಣ್ಣಿಗೆ ಬೀಳುವುದು ಅಪರೂಪ. ಹಾಗಾಗಿ ಇಲ್ಲಿನವರು ಭುಜಪಟ್ಟಿಯನ್ನು ಓದಲು ಕಲಿತರೆ ಸಾಕು.

ಕೆಲವು ವರ್ಷಗಳ ಹಿಂದಿನ ಚಿತ್ರಗಳಲ್ಲಿ ಭುಜಪಟ್ಟಿ ಬೇರೆಯಾಗಿ ಕಾಣುತ್ತದಲ್ಲ, ಏಕೆ?

2023ರ ಕೊನೆಯಲ್ಲಿ ವಿನ್ಯಾಸ ಬದಲಾಯಿತು. ಆ ವರ್ಷದ ನೌಕಾಪಡೆ ದಿನವಾದ ಡಿಸೆಂಬರ್ 4ರಂದು ಮಹಾರಾಷ್ಟ್ರದ ಸಿಂಧುದುರ್ಗದಲ್ಲಿ ಪ್ರಧಾನಿ ನರೇಂದ್ರ ಮೋದಿ ಅವರು ಬದಲಾವಣೆಯನ್ನು ಘೋಷಿಸಿದರು. ಡಿಸೆಂಬರ್ 29ರಂದು ನೌಕಾಪಡೆ ಹೊಸ ಭುಜಪಟ್ಟಿಯನ್ನು ಪ್ರಕಟಿಸಿತು. ಇದು ಅನ್ವಯವಾಗುವುದು ರಿಯರ್ ಅಡ್ಮಿರಲ್, ವೈಸ್ ಅಡ್ಮಿರಲ್ ಮತ್ತು ಅಡ್ಮಿರಲ್ ಈ ಮೂರು ಹುದ್ದೆಗಳಿಗೆ.

ಹಳೆಯ ಪಟ್ಟಿಯಲ್ಲಿ ಬ್ರಿಟಿಷ್ ನೌಕಾಪಡೆಯಿಂದ ಬಂದ ಮಾದರಿಯಲ್ಲಿ ಕತ್ತಿ ಮತ್ತು ದಂಡ ಒಂದರ ಮೇಲೊಂದು ಅಡ್ಡವಾಗಿದ್ದವು. ಹೊಸದರಲ್ಲಿ ನಕ್ಷತ್ರಗಳ ಜೊತೆಗೆ ನಾಲ್ಕು ಅಂಶಗಳಿವೆ: ಚಿನ್ನದ ನೌಕಾ ಗುಂಡಿ, ಅಷ್ಟಕೋನ, ಭಾರತೀಯ ಖಡ್ಗ, ದುರ್ಬೀನು. ವಸಾಹತುಶಾಹಿ ಮನೋಭಾವವನ್ನು ತೊರೆಯುವ ಸಂಕಲ್ಪಕ್ಕೆ ಗುಂಡಿ, ಎಂಟು ದಿಕ್ಕುಗಳತ್ತ ಇಡುವ ದೃಷ್ಟಿಗೆ ಅಷ್ಟಕೋನ, ಯುದ್ಧ ಗೆಲ್ಲುವ ಶಕ್ತಿಗೆ ಖಡ್ಗ, ಬದಲಾಗುತ್ತಿರುವ ಜಗತ್ತಿನ ಮೇಲಿನ ನಿಗಾ ಮತ್ತು ದೂರದೃಷ್ಟಿಗೆ ದುರ್ಬೀನು ಎಂದು ನೌಕಾಪಡೆ ವಿವರಿಸಿದೆ. ದಂಡ ಅಧಿಕಾರವನ್ನು ತೋರಿಸುತ್ತದೆ, ದುರ್ಬೀನು ಕೆಲಸವನ್ನು ತೋರಿಸುತ್ತದೆ. ಕಡಲಿನಲ್ಲಿ ಕಣ್ಣಿಟ್ಟು ಕಾಯುವವರ ಭುಜಕ್ಕೆ ಎರಡನೆಯದೇ ಹೆಚ್ಚು ಒಪ್ಪುತ್ತದೆ.

ಅಷ್ಟಕೋನದ ಮೂಲ ಛತ್ರಪತಿ ಶಿವಾಜಿಯ ರಾಜಮುದ್ರೆ. ಇದೇ ಆಕಾರ 2022ರ ಸೆಪ್ಟೆಂಬರ್ 2ರಂದು ಕೊಚ್ಚಿಯಲ್ಲಿ, ಐಎನ್‌ಎಸ್ ವಿಕ್ರಾಂತ್ ಸೇವೆಗೆ ಸೇರಿದ ದಿನ ಅನಾವರಣಗೊಂಡ ನೌಕಾಧ್ವಜದಲ್ಲಿ ಮೊದಲು ಬಂದಿತು. ಆ ಧ್ವಜದಿಂದ ಸೇಂಟ್ ಜಾರ್ಜ್ ಶಿಲುಬೆಯನ್ನು ತೆಗೆದು, ನೀಲಿ ಅಷ್ಟಕೋನದೊಳಗೆ ರಾಷ್ಟ್ರಲಾಂಛನ, ಲಂಗರು ಮತ್ತು ‘ಶಂ ನೋ ವರುಣಃ’ ಎಂಬ ಧ್ಯೇಯವಾಕ್ಯವನ್ನು ಇರಿಸಲಾಯಿತು.

ಆ ಮುದ್ರೆಗೂ ನಮ್ಮ ಕರಾವಳಿಗೂ ಹಳೆಯ ನಂಟಿದೆ. 1665ರಲ್ಲಿ ಶಿವಾಜಿ ಹಡಗುಗಳೊಂದಿಗೆ ಬಸರೂರಿನವರೆಗೆ ಬಂದು, ಹಿಂದಿರುಗುವಾಗ ಗೋಕರ್ಣದಲ್ಲಿ ಇಳಿದು, ಅಂಕೋಲೆಯ ಮೂಲಕ ಕಾರವಾರಕ್ಕೆ ಬಂದಿದ್ದರು. ಆಗ ಕಾರವಾರದಲ್ಲಿ ಇಂಗ್ಲಿಷರ ವ್ಯಾಪಾರದ ಕೋಠಿ ಇತ್ತು, ಅವರೂ ಹಣ ತೆರಬೇಕಾಯಿತು. ಬಸರೂರಿನ ಪಾಲಿಗೆ ಆ ಭೇಟಿ ಸೂರೆಯೇ ಆಗಿತ್ತು ಎಂಬುದನ್ನು ಮರೆಮಾಚಬೇಕಾಗಿಲ್ಲ. ಆದರೆ ಈ ಕಡಲಿನ ಮೇಲೆ ಹಡಗುಪಡೆಯ ಬಲವಿಲ್ಲದೆ ರಾಜ್ಯ ಉಳಿಯದೆಂದು ಅರಿತ ಅರಸರಲ್ಲಿ ಅವರೂ ಒಬ್ಬರು ಎಂಬುದಕ್ಕೆ ಆ ಯಾತ್ರೆಯೇ ಸಾಕ್ಷಿ.

ಪಿಎಸ್‌ಐ ಭುಜದ ಮೇಲೂ ಎರಡು ನಕ್ಷತ್ರಗಳಿವೆ. ಇಬ್ಬರೂ ಸಮಾನರೇ?

ಖಂಡಿತ ಇಲ್ಲ. ಮಕ್ಕಳು ಕೇಳುವ ಈ ಪ್ರಶ್ನೆ ಬಹಳ ಸಹಜವಾದದ್ದು. ಪೊಲೀಸ್ ಮತ್ತು ಭೂಸೇನೆಯಲ್ಲಿ ನಕ್ಷತ್ರಗಳು ಕಿರಿಯ ಅಧಿಕಾರಿಗಳಿಂದಲೇ ಆರಂಭವಾಗುತ್ತವೆ. ಪಿಎಸ್‌ಐಗೆ ಎರಡು, ಭೂಸೇನೆಯ ಲೆಫ್ಟಿನೆಂಟ್‌ಗೆ ಎರಡು, ಭೂಸೇನೆಯ ಕ್ಯಾಪ್ಟನ್‌ಗೆ ಮೂರು. ನೌಕಾಪಡೆಯಲ್ಲಿ ಕೊಮೊಡೋರ್‌ವರೆಗೆ ಪಟ್ಟೆಗಳೇ ಗುರುತು. ಭುಜದ ಮೇಲೆ ನಕ್ಷತ್ರ ಕಾಣಿಸಿಕೊಳ್ಳುವುದು ರಿಯರ್ ಅಡ್ಮಿರಲ್ ಆದ ಮೇಲೆ.

ಇನ್ನೊಂದು ತೊಡಕಿದೆ. ‘ಎರಡು ನಕ್ಷತ್ರಗಳ ಅಧಿಕಾರಿ’ ಎಂದು ಸೇನೆಯವರು ಹೇಳುವಾಗ ಭುಜದ ಮೇಲಿನ ನಕ್ಷತ್ರಗಳನ್ನು ಎಣಿಸುತ್ತಿರುವುದಿಲ್ಲ. ಮೇಜರ್ ಜನರಲ್ ಭುಜದ ಮೇಲೆ ಇರುವುದು ಒಂದು ನಕ್ಷತ್ರ ಮತ್ತು ಅಡ್ಡವಾದ ಕತ್ತಿ–ದಂಡ. ಆದರೂ ಅವರು ಎರಡು ನಕ್ಷತ್ರಗಳ ದರ್ಜೆಯವರೇ. ದರ್ಜೆಯ ಈ ನಕ್ಷತ್ರಗಳು ಕಾಲರಿನ ಪಟ್ಟಿಯಲ್ಲಿ ಮತ್ತು ಸರ್ಕಾರಿ ಕಾರಿನ ಫಲಕದಲ್ಲಿ ಕಾಣುತ್ತವೆ. ರಿಯರ್ ಅಡ್ಮಿರಲ್ ವಿಷಯದಲ್ಲಿ ಮಾತ್ರ ಭುಜ, ಕಾಲರ್, ಕಾರು ಮೂರರಲ್ಲೂ ಎರಡೇ ಇರುವುದರಿಂದ ಗೊಂದಲವಿಲ್ಲ.

ಭೂಸೇನೆಯ ಕ್ಯಾಪ್ಟನ್, ನೌಕಾಪಡೆಯ ಕ್ಯಾಪ್ಟನ್ ಒಂದೇ ದರ್ಜೆಯವರೇ?

ಅಲ್ಲ, ನಡುವೆ ದೊಡ್ಡ ಅಂತರವಿದೆ. ನೌಕಾಪಡೆಯ ಕ್ಯಾಪ್ಟನ್ ಭೂಸೇನೆಯ ಕರ್ನಲ್‌ಗೆ ಸಮ. ಭೂಸೇನೆಯ ಕ್ಯಾಪ್ಟನ್ ನೌಕಾಪಡೆಯ ಲೆಫ್ಟಿನೆಂಟ್‌ಗೆ ಸಮ.

ಹುದ್ದೆ ಚಿಕ್ಕದಾದ ಮಾತ್ರಕ್ಕೆ ಸಾಧನೆ ಚಿಕ್ಕದಾಗುವುದಿಲ್ಲ. ಕಾರವಾರ ತಾಲ್ಲೂಕಿನ ಚೆಂಡಿಯಾ ಮೂಲದ ರಾಮ ರಾಘೋಬಾ ರಾಣೆ ಅವರು 1948ರ ಏಪ್ರಿಲ್‌ನಲ್ಲಿ ಜಮ್ಮು ಪ್ರಾಂತ್ಯದಲ್ಲಿ ಗುಂಡಿನ ಮಳೆಯ ನಡುವೆ ನೆಲಬಾಂಬುಗಳನ್ನು ತೆಗೆದು ಟ್ಯಾಂಕುಗಳಿಗೆ ದಾರಿ ಮಾಡಿಕೊಟ್ಟು ಪರಮವೀರ ಚಕ್ರ ಪಡೆದಾಗ ಅವರು ಸೆಕೆಂಡ್ ಲೆಫ್ಟಿನೆಂಟ್. ಆ ಕಾಲದ ಅಧಿಕಾರಿ ಶ್ರೇಣಿಯಲ್ಲಿ ಅದೇ ಮೊದಲ ಮೆಟ್ಟಿಲು.

ಮರ್ಚಂಟ್ ನೇವಿ ಮತ್ತು ಕರಾವಳಿ ಕಾವಲು ಪಡೆಯವರಿಗೂ ಇಂಥದ್ದೇ ಪಟ್ಟೆಗಳಿರುತ್ತವೆಯಲ್ಲ?

ಮರ್ಚಂಟ್ ನೇವಿ ಸೇನೆಯೇ ಅಲ್ಲ. ಅದು ಸರಕು ಮತ್ತು ಪ್ರಯಾಣಿಕರ ಹಡಗುಗಳ ಉದ್ಯೋಗ. ಅಲ್ಲಿನ ಕ್ಯಾಪ್ಟನ್‌ಗೂ ನಾಲ್ಕು ಪಟ್ಟೆಗಳಿರುತ್ತವೆ. ಆದರೆ ಟೋಪಿಯ ಬಿಲ್ಲೆ, ಗುಂಡಿಗಳು ಕಂಪನಿಯವು. ನಮ್ಮ ಕರಾವಳಿಯ ಎಷ್ಟೋ ಮನೆಗಳಲ್ಲಿ ಮರ್ಚಂಟ್ ನೇವಿಯ ದುಡಿಮೆಯೇ ಆಧಾರವಾಗಿದೆ, ಅದಕ್ಕೆ ಅದರದೇ ಗೌರವವಿದೆ. ಎರಡನ್ನೂ ‘ನೇವಿ’ ಎಂದು ಒಂದೇ ಉಸಿರಿನಲ್ಲಿ ಹೇಳುವುದರಿಂದಲೇ ಗೊಂದಲ ಉಂಟಾಗುವುದು.

ಕರಾವಳಿ ಕಾವಲು ಪಡೆ ರಕ್ಷಣಾ ಸಚಿವಾಲಯದ ಅಡಿಯಲ್ಲಿರುವ ಪ್ರತ್ಯೇಕ ಸಶಸ್ತ್ರ ಪಡೆ. ಅಲ್ಲಿ ಅಡ್ಮಿರಲ್ ಎಂಬ ಹುದ್ದೆ ಇಲ್ಲ. ರಿಯರ್ ಅಡ್ಮಿರಲ್‌ಗೆ ಸಮನಾದವರು ಇನ್‌ಸ್ಪೆಕ್ಟರ್ ಜನರಲ್.

ವಿಕ್ರಮಾದಿತ್ಯದಂಥ ವಿಮಾನವಾಹಕ ನೌಕೆಯನ್ನು ನಡೆಸುವವರು ರಿಯರ್ ಅಡ್ಮಿರಲ್ ಇರಬೇಕು, ಅಲ್ಲವೇ?

2014ರ ಜನವರಿಯಲ್ಲಿ ರಷ್ಯಾದಿಂದ ಕಾರವಾರಕ್ಕೆ ಬಂದ ವಿಕ್ರಮಾದಿತ್ಯದ ಮೊದಲ ಕಮಾಂಡಿಂಗ್ ಆಫೀಸರ್ ಆಗಿದ್ದವರು ಕೊಮೊಡೋರ್. ಎಷ್ಟೇ ದೊಡ್ಡ ಹಡಗಾದರೂ ಒಂದೇ ಹಡಗಿನ ನೇರ ಹೊಣೆ ರಿಯರ್ ಅಡ್ಮಿರಲ್‌ಗೆ ಇರುವುದಿಲ್ಲ. ಅವರ ಕೈಗೆ ಬರುವುದು ಹಡಗುಗಳ ಸಮೂಹ. ಪಶ್ಚಿಮ ನೌಕಾದಳವನ್ನು, ಅಂದರೆ ಅರಬ್ಬಿ ಸಮುದ್ರದ ಮುಖ್ಯ ಯುದ್ಧನೌಕೆಗಳ ಸಮೂಹವನ್ನು ಮುನ್ನಡೆಸುವವರು ರಿಯರ್ ಅಡ್ಮಿರಲ್. ಅವರು ಯಾವ ಹಡಗಿನಲ್ಲಿದ್ದಾರೋ ಆ ಹಡಗಿನ ಮೇಲೆ ಅವರ ಹುದ್ದೆಯ ಧ್ವಜ ಹಾರುತ್ತದೆ. ಹಡಗನ್ನು ನಡೆಸುವ ಹೊಣೆ ಆಗಲೂ ಅದರ ಕಮಾಂಡಿಂಗ್ ಆಫೀಸರ್ ಅವರದೇ.

ಸೀಬರ್ಡ್ ಪರಿಹಾರದ ಅರ್ಜಿಯನ್ನು ನೇರವಾಗಿ ರಿಯರ್ ಅಡ್ಮಿರಲ್ ಅವರಿಗೆ ಕೊಡಬಹುದೇ?

ಕೊಡಲು ಅಡ್ಡಿಯಿಲ್ಲ, ಆದರೆ ಇತ್ಯರ್ಥ ಮಾಡುವ ಅಧಿಕಾರ ಅವರಿಗಿಲ್ಲ. ಭೂಸ್ವಾಧೀನ ಕಂದಾಯ ಇಲಾಖೆಯ ಮೂಲಕ ನಡೆದದ್ದು. ಪರಿಹಾರದ ಮೊತ್ತದ ತಕರಾರು ನ್ಯಾಯಾಲಯಗಳಲ್ಲಿ ತೀರ್ಮಾನವಾಗುತ್ತದೆ, ಹಣ ಬರುವುದು ರಕ್ಷಣಾ ಸಚಿವಾಲಯದಿಂದ. ದಾಖಲೆಗಳಿಗಾಗಿ ಹೋಗಬೇಕಾದದ್ದು ಜಿಲ್ಲಾಧಿಕಾರಿ ಕಚೇರಿ ಮತ್ತು ಭೂಸ್ವಾಧೀನ ಅಧಿಕಾರಿಗಳ ಬಳಿಗೆ. ಭುಜದ ಮೇಲೆ ಎರಡು ನಕ್ಷತ್ರ ಕಂಡಾಕ್ಷಣ ಎಲ್ಲವೂ ಅವರ ಕೈಯಲ್ಲಿದೆ ಎಂದು ನಂಬಿ ಕಾಯುತ್ತ ಕುಳಿತರೆ ಕಾಲಹರಣವಾಗುತ್ತದೆ.

ಈ ಪ್ರಶ್ನೆಯನ್ನು ಕೇಳುವವರ ನೋವನ್ನು ಲಘುವಾಗಿ ಕಾಣಬಾರದು. ಕಾರವಾರ, ಅಂಕೋಲಾ ತಾಲ್ಲೂಕುಗಳ ಮೀನುಗಾರರು ಮತ್ತು ರೈತರು ಮನೆ, ಗದ್ದೆ, ದೋಣಿ ಎಳೆಯುವ ದಂಡೆ ಬಿಟ್ಟು ತೋಡೂರು, ಮುದಗಾದಂಥ ಪುನರ್ವಸತಿ ಕಾಲೊನಿಗಳಿಗೆ ಹೋಗಿದ್ದಾರೆ. ಈ ನೆಲೆಯ ವೈಭವವನ್ನು ಹೇಳುವ ಯಾವ ಬರಹವೂ ಅವರನ್ನು ಬಿಟ್ಟು ಪೂರ್ಣವಾಗದು. ದೇಶರಕ್ಷಣೆಗೆ ಅವರು ಕೊಟ್ಟದ್ದು ನೆಲ, ಅದನ್ನು ಮರಳಿ ಪಡೆಯಲಾಗದು.

ನೆರೆ, ಭೂಕುಸಿತದ ಸಮಯದಲ್ಲಿ ಜಿಲ್ಲಾಧಿಕಾರಿ ದೊಡ್ಡವರೋ, ರಿಯರ್ ಅಡ್ಮಿರಲ್ ದೊಡ್ಡವರೋ?

ಇಬ್ಬರ ದಾರಿಗಳೂ ಬೇರೆ. ರಕ್ಷಣಾ ಕಾರ್ಯದ ಹೊಣೆ ಜಿಲ್ಲಾಡಳಿತದ್ದು. ಅದು ಕೋರಿದಾಗ ಸೇನಾ ಪಡೆಗಳು ನೆರವಿಗೆ ಬರುತ್ತವೆ. 2024ರ ಜುಲೈ 16ರಂದು ಅಂಕೋಲಾ ತಾಲ್ಲೂಕಿನ ಶಿರೂರಿನಲ್ಲಿ ಹೆದ್ದಾರಿಯ ಮೇಲೆ ಗುಡ್ಡ ಕುಸಿದಾಗ ಗಂಗಾವಳಿ ನದಿಯಲ್ಲಿ ಕಣ್ಮರೆಯಾದವರಿಗಾಗಿ ನೌಕಾಪಡೆಯ ಮುಳುಗುಗಾರರು ಶೋಧ ನಡೆಸಿದರು. ಮಳೆಗಾಲದ ಆ ಸೆಳೆತದಲ್ಲಿ, ಕೆಸರುನೀರಿನಲ್ಲಿ ಇಳಿಯುವುದು ಎಂಥ ಅಪಾಯವೆಂದು ನದಿಯ ದಂಡೆಯಲ್ಲಿ ಬದುಕುವವರಿಗೆ ಗೊತ್ತು.

ಶಿರಸಿಯ ಹುಡುಗಿಯೊಬ್ಬಳು ಮುಂದೆ ರಿಯರ್ ಅಡ್ಮಿರಲ್ ಆಗಬಹುದೇ? ಎಲ್ಲಿಂದ ಆರಂಭಿಸಬೇಕು?

ಆಗಬಹುದು. ನೇರವಾಗಿ ರಿಯರ್ ಅಡ್ಮಿರಲ್ ಹುದ್ದೆಗೆ ನೇಮಕಾತಿ ಇರುವುದಿಲ್ಲ. ಎಲ್ಲರೂ ಕೆಳಗಿನಿಂದಲೇ ಏರಬೇಕು. ದ್ವಿತೀಯ ಪಿಯುಸಿಯಲ್ಲಿ ಭೌತಶಾಸ್ತ್ರ, ರಸಾಯನಶಾಸ್ತ್ರ, ಗಣಿತ ಓದಿದವರು, ಓದುತ್ತಿರುವವರು ಯುಪಿಎಸ್‌ಸಿ ವರ್ಷಕ್ಕೆ ಎರಡು ಬಾರಿ ನಡೆಸುವ ಎನ್‌ಡಿಎ (ರಾಷ್ಟ್ರೀಯ ರಕ್ಷಣಾ ಅಕಾಡೆಮಿ) ಪರೀಕ್ಷೆ ಬರೆಯಬಹುದು. ಜೆಇಇ ಮೇನ್ ಅಂಕಗಳ ಆಧಾರದಲ್ಲಿ ಬಿ.ಟೆಕ್ ಪ್ರವೇಶವೂ ಇದೆ. ಪದವಿಯ ನಂತರ ಬೇರೆ ದಾರಿಗಳಿವೆ. ಎಲ್ಲದರಲ್ಲೂ ಸೇವಾ ಆಯ್ಕೆ ಮಂಡಳಿಯ ಸಂದರ್ಶನ ಮತ್ತು ವೈದ್ಯಕೀಯ ಪರೀಕ್ಷೆ ದಾಟಬೇಕು. ಬೆಂಗಳೂರಿನಲ್ಲೂ ಆಯ್ಕೆ ಕೇಂದ್ರವಿದೆ. ನೌಕಾ ತರಬೇತಿ ಕಣ್ಣೂರು ಜಿಲ್ಲೆಯ ಏಳಿಮಲದ ಭಾರತೀಯ ನೌಕಾ ಅಕಾಡೆಮಿಯಲ್ಲಿ ನಡೆಯುತ್ತದೆ. ಅಗ್ನಿವೀರರ ನೇಮಕಾತಿ ಇದಕ್ಕಿಂತ ಬೇರೆ. ಅದು ನಾವಿಕರ ಸಾಲಿಗೆ ಸೇರಿದ್ದು. ಅರ್ಜಿ ತುಂಬುವ ಮೊದಲು ಪಾಲಕರು ಈ ವ್ಯತ್ಯಾಸವನ್ನು ತಿಳಿದಿರಲೇಬೇಕು.

ಕಮಾಂಡರ್‌ವರೆಗಿನ ಬಡ್ತಿ ಬಹುಮಟ್ಟಿಗೆ ಸೇವಾವಧಿಯ ಲೆಕ್ಕದಲ್ಲಿ ಸಿಗುತ್ತದೆ. ಅಲ್ಲಿಂದ ಮುಂದೆ ಆಯ್ಕೆ ಮಂಡಳಿಯ ಜರಡಿ ಬಿಗಿಯಾಗುತ್ತದೆ. ರಿಯರ್ ಅಡ್ಮಿರಲ್ ಆಗುವ ಹೊತ್ತಿಗೆ ಸಾಮಾನ್ಯವಾಗಿ ಮೂವತ್ತು ವರ್ಷಕ್ಕೂ ಹೆಚ್ಚಿನ ಸೇವೆ ಆಗಿರುತ್ತದೆ.

ಹೆಣ್ಣುಮಕ್ಕಳ ವಿಷಯಕ್ಕೆ ಬಂದರೆ, ವೈದ್ಯಕೀಯ ಶಾಖೆಯ ಪುನೀತಾ ಅರೋರಾ ಅವರು ಸರ್ಜನ್ ವೈಸ್ ಅಡ್ಮಿರಲ್ ಹುದ್ದೆಯನ್ನು ತಲುಪಿದ್ದಾರೆ. 2020ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ನೌಕಾಪಡೆಯ ಮಹಿಳಾ ಅಧಿಕಾರಿಗಳಿಗೆ ಕಾಯಂ ಸೇವೆಯ ಹಕ್ಕನ್ನು ಎತ್ತಿಹಿಡಿಯಿತು. ಎನ್‌ಡಿಎಗೆ ಹುಡುಗಿಯರ ಮೊದಲ ತಂಡ ಸೇರಿದ್ದು 2022ರಲ್ಲಿ. ದಾರಿ ಉದ್ದವಿದೆ, ಆದರೆ ಬಾಗಿಲು ತೆರೆದಿದೆ.

ರಿಯರ್ ಅಡ್ಮಿರಲ್ ಅವರ ಸಂಬಳ ಎಷ್ಟು?

ಏಳನೇ ವೇತನ ಆಯೋಗದ ಪ್ರಕಾರ ವೇತನ ಶ್ರೇಣಿ 14. ಮೂಲ ವೇತನ 1,44,200 ರೂಪಾಯಿಯಿಂದ 2,18,200 ರೂಪಾಯಿವರೆಗೆ. ಕೊಮೊಡೋರ್‌ವರೆಗಿನ ಅಧಿಕಾರಿಗಳಿಗೆ ಸಿಗುವ 15,500 ರೂಪಾಯಿಯ ಸೇನಾ ಸೇವಾ ವೇತನ ಇವರಿಗೆ ಇರುವುದಿಲ್ಲ.

ಕಾರವಾರದಲ್ಲಿ ನೌಕಾಪಡೆಯ ಇತಿಹಾಸವನ್ನು ಮಕ್ಕಳಿಗೆ ಎಲ್ಲಿ ತೋರಿಸಬಹುದು?

ನೆಲೆಯೊಳಗೆ ಸಾಮಾನ್ಯವಾಗಿ ಸಾರ್ವಜನಿಕರಿಗೆ ಪ್ರವೇಶವಿಲ್ಲ, ಹೆದ್ದಾರಿಯಿಂದ ಅದರ ಚಿತ್ರ ತೆಗೆಯುವುದೂ ನಿಷಿದ್ಧ. ರವೀಂದ್ರನಾಥ ಟ್ಯಾಗೋರ್ ಕಡಲತೀರಕ್ಕೆ ಹೋಗಿ. ಅಲ್ಲಿ ಕ್ಷಿಪಣಿ ದೋಣಿ ಐಎನ್‌ಎಸ್ ಚಪಲ್ ವಸ್ತುಸಂಗ್ರಹಾಲಯವಾಗಿ ನಿಂತಿದೆ. 2017ರಲ್ಲಿ ನಿವೃತ್ತಿಯಾದ ಟುಪೊಲೆವ್ ವಿಮಾನವೂ ಇದೆ. 1971ರ ಡಿಸೆಂಬರ್ 4ರ ರಾತ್ರಿ ಕರಾಚಿ ಬಂದರಿನ ಮೇಲೆ ದಾಳಿ ನಡೆಸಿದ್ದು ಇಂಥದ್ದೇ ಪುಟ್ಟ ಕ್ಷಿಪಣಿ ದೋಣಿಗಳು. ನೌಕಾಪಡೆ ದಿನವನ್ನು ಡಿಸೆಂಬರ್ 4ರಂದು ಆಚರಿಸುವುದು ಅದರ ನೆನಪಿಗೆ. ರಾಣೆ ಅವರ ಪ್ರತಿಮೆಯೂ ಹತ್ತಿರದಲ್ಲಿದೆ.

ಬಿಣಗಾದ ಆಚೆ ಕಾಣುವ ಅಂಜುದೀವ್ ದ್ವೀಪದ ಕಥೆಯನ್ನೂ ಅಲ್ಲಿಯೇ ಹೇಳಿ. 1961ರ ಡಿಸೆಂಬರ್ 18ರಂದು ಪೋರ್ಚುಗೀಸರಿಂದ ಅದನ್ನು ವಶಪಡಿಸಿಕೊಳ್ಳುವಾಗ ಐಎನ್‌ಎಸ್ ತ್ರಿಶೂಲ್ ಮತ್ತು ಐಎನ್‌ಎಸ್ ಮೈಸೂರು ಭಾಗವಹಿಸಿದ್ದವು. ಏಳು ಮಂದಿ ನೌಕಾ ಯೋಧರು ಅಲ್ಲಿ ಪ್ರಾಣ ಕೊಟ್ಟರು.

ಶಾಲೆಯ ಛದ್ಮವೇಷ ಸ್ಪರ್ಧೆಯಲ್ಲಿ ಮಗು ಅಡ್ಮಿರಲ್ ವೇಷ ಹಾಕಬಹುದೇ?

ಹಾಕಬಹುದು. ಭಾರತೀಯ ನ್ಯಾಯ ಸಂಹಿತೆಯ 168ನೇ ಕಲಂ ಅಪರಾಧವೆನ್ನುವುದು ಸೈನಿಕನೋ ನಾವಿಕನೋ ಎಂದು ಜನ ನಂಬಲಿ ಎಂಬ ಉದ್ದೇಶದಿಂದ ಸಮವಸ್ತ್ರವನ್ನೋ ಚಿಹ್ನೆಯನ್ನೋ ಧರಿಸುವುದನ್ನು. ಅದಕ್ಕೆ ಮೂರು ತಿಂಗಳವರೆಗೆ ಸೆರೆವಾಸ, ಎರಡು ಸಾವಿರ ರೂಪಾಯಿವರೆಗೆ ದಂಡ ಅಥವಾ ಎರಡೂ ಆಗಬಹುದು. ಮಗುವಿನ ವೇಷಕ್ಕೆ ಇದು ಅನ್ವಯಿಸದು. ದೊಡ್ಡವರು ಅಂಥ ಬಟ್ಟೆ ತೊಟ್ಟು ಪೇಟೆ ಸುತ್ತುವುದು ಬೇರೆ ಮಾತು. ಮಗುವಿಗೆ ರಿಯರ್ ಅಡ್ಮಿರಲ್ ವೇಷ ಹಾಕಿಸುವುದಾದರೆ ಭುಜಪಟ್ಟಿಯನ್ನು ಚಿನ್ನದ ಬಣ್ಣದ ಕಾಗದದಲ್ಲಿ ಮಾಡಿ, ನಕ್ಷತ್ರಗಳನ್ನು ಎರಡೇ ಅಂಟಿಸಿ, ಅಷ್ಟಕೋನ ಮತ್ತು ದುರ್ಬೀನನ್ನು ಬಿಡಿಸುವುದನ್ನು ಮರೆಯಬೇಡಿ.